ಮೊದಲನೆಯ ಶೀಲ

2025ರ ಫೆಬ್ರುವರಿ 9, ಭಾನುವಾರ. ಬೆಳಿಗ್ಗೆ 7.40ಕ್ಕೆ ರಾಣೆಬೆನ್ನೂರಿನ ಠಾಣೆಗೆ ಒಬ್ಬ ಮುದುಕಿ ಬಂದು ಹೊಸ್ತಿಲಲ್ಲೇ ಕೂತಳು. ಸೆರಗಿನ ತುದಿಯಲ್ಲಿ ರಕ್ತ ಒಣಗಿ ಗಟ್ಟಿಯಾಗಿತ್ತು. ಹೆಡ್ ಕಾನ್‌ಸ್ಟೇಬಲ್ ಫಕ್ಕೀರೇಶ ಅವಳನ್ನು ಎಬ್ಬಿಸಿ ಇನ್‌ಸ್ಪೆಕ್ಟರ್ ಕೋಣೆಗೆ ಕರೆತಂದ.

ಇನ್‌ಸ್ಪೆಕ್ಟರ್ ನೀಲಾ ಬಣಕಾರ ಕುರ್ಚಿಯನ್ನು ಸ್ವಲ್ಪ ತಿರುಗಿಸಿ ಬಲಗಿವಿ ಕೊಟ್ಟು ಕೂತಳು. ಎಡಗಿವಿ ಅರ್ಧ ಹೋಗಿತ್ತು. ಆರು ವರ್ಷದ ಹಿಂದೆ ಬೇರೊಂದು ಊರಿನಲ್ಲಿ ಮೆರವಣಿಗೆಯ ಬಂದೋಬಸ್ತಿಗೆ ನಿಂತಾಗ ಬಿದ್ದ ಕಲ್ಲು. ಯಾವ ದೇವರ ಮೆರವಣಿಗೆ ಎಂದು ಯಾರಾದರೂ ಕೇಳಿದರೆ ಅವಳು ಹೇಳುತ್ತಿರಲಿಲ್ಲ.

"ಏನಾತು ಹೇಳ್ರಿ ದೊಡ್ಡವ್ವ."

"ನಮ್ಮ ಮನಿಯವರನ್ನ ಹೊಡದು ಹಾಕ್ಯಾರ ಯವ್ವಾ. ಕೋಣನೂ ಇಲ್ಲ."

"ಯಾವಾಗ ನೋಡಿದ್ರಿ?"

"ಐದೂವರಿಗೆ ಡೇರಿಗೆ ಹಾಲು ಹಾಕಾಕ ಹೋಗಿದ್ದೆ. ಆರೂವರಿಗೆ ಬಂದೆ. ಹಿತ್ತಲದಾಗ ಬಿದ್ದಿದ್ರು."

"ನೀವು ಹೋಗೋ ಮುಂದ?"

"ಚಾ ಕೇಳಿದ್ರು. ಬಂದು ಕೊಡ್ತೇನಿ ಅಂದೆ."

ಹೆಸರು ಭರಮವ್ವ. ಊರು ಕುಪ್ಪೇಲೂರಿನಾಚೆಯ ಕರೇಗೊಂಡಿ. ಸತ್ತವನು ಅವಳ ಗಂಡ ಮೈಲಪ್ಪ, ವಯಸ್ಸು ಅರವತ್ತೈದು. ಮಕ್ಕಳಿಲ್ಲ. 8.05ಕ್ಕೆ ಎಫ್‌ಐಆರ್ ದಾಖಲಾಯಿತು. ಭಾರತೀಯ ನ್ಯಾಯ ಸಂಹಿತೆ ಕಲಂ 103(1), ಕೊಲೆ. ಆರೋಪಿಯ ಹೆಸರಿನ ಜಾಗದಲ್ಲಿ 'ಅಪರಿಚಿತರು'.

9.15ಕ್ಕೆ ಪಂಚನಾಮೆ ಶುರುವಾಯಿತು. ಮೈಲಪ್ಪ ಹಿತ್ತಲಲ್ಲಿ ಬೋರಲು ಬಿದ್ದಿದ್ದ. ತಲೆಯಲ್ಲಿ ಮೂರು ಗಾಯ. ಕೋಣ ಕಟ್ಟುತ್ತಿದ್ದ ಗೂಟ ಕಿತ್ತು ಹೋಗಿ ನೆಲದಲ್ಲಿ ಹಸಿ ಕುಳಿ ಉಳಿದಿತ್ತು. ಗೂಟ ಬೇಲಿಯ ಮುಳ್ಳಿನೊಳಗೆ ಸಿಕ್ಕಿತು, ಒಂದು ತುದಿಗೆ ಮಣ್ಣು, ಇನ್ನೊಂದಕ್ಕೆ ರಕ್ತ ಮತ್ತು ಬಿಳಿಗೂದಲು. ಮನೆಯೊಳಗೆ ಜಂತಿಗೆ ಸಿಕ್ಕಿಸಿದ್ದ ಉದ್ದನೆಯ ಕತ್ತಿ ಇದ್ದಲ್ಲೇ ಇತ್ತು. ಅದಕ್ಕೆ ಸುತ್ತಿದ್ದ ಬಟ್ಟೆ ಬಿಚ್ಚಿದರೆ ಹೊಸದಾಗಿ ಎಣ್ಣೆ ಹಚ್ಚಿದ್ದರು.

ಊರ ಹಿರಿಯ ಚಂದ್ರಪ್ಪ ಬೇಲಿಯ ಹೊರಗೇ ನಿಂತಿದ್ದ.

"ಅದು ಎಂಥ ಕೋಣ?" ನೀಲಾ ಕೇಳಿದಳು.

"ದುರಗವ್ವಗ ಬಿಟ್ಟದ್ರಿ. ಪಟ್ಟದ ಕೋಣ."

"ಮಂಗಳವಾರ ಜಾತ್ರ್ಯಾಗ ಕಡಿಯೋರಿದ್ರಿ."

"ಕಡಿಯೂದೆಲ್ಲಿ ಬಂತ್ರಿ ಮೇಡಮ್ಮರ. ಪೂಜಿ ಮಾಡಿ ಬಿಡೂದು ಅಷ್ಟ. ಕಾಯ್ದೆ ನಮಗೂ ಗೊತ್ತದ."

"ಹಂಗಾದ್ರ ಕತ್ತಿಗೆ ಎಣ್ಣಿ ಯಾಕ ಹಚ್ಯಾರ?"

ಚಂದ್ರಪ್ಪ ಪಂಜೆಯ ಮಡಿಕೆ ಸರಿಮಾಡಿಕೊಂಡ. ಹರಕೆ ಹೊರುವುದು ಮೇಲಿನ ಓಣಿಯವರು, ಕಡಿಯುವುದು ಈ ಕೇರಿಯವರು. ಅದು ತಲೆಮಾರಿನಿಂದ ಬಂದದ್ದು, ಮೈಲಪ್ಪನಿಗೆ ಅದೇ ಮಾನ. ಹನ್ನೆರಡು ವರ್ಷಕ್ಕೊಮ್ಮೆ ಆ ಒಂದು ದಿನ ಮೇಲಿನ ಓಣಿಯವರು ಅವನ ಹೆಸರಿನ ಮುಂದೆ 'ಅಪ್ಪಾರು' ಸೇರಿಸುತ್ತಿದ್ದರು.

"ಜಾವೇದನ್ನ ಕೇಳ್ರಿ," ಚಂದ್ರಪ್ಪ ಕೊನೆಗೆ ಹೇಳಿದ. "ದನ ಸಾಗಿಸೋ ಗಾಡಿ ಅವಂದು. ನಸುಕಿನ್ಯಾಗ ಹೋಗಿದ್ದನ್ನ ಮಂದಿ ನೋಡ್ಯಾರ."

ನೀಲಾ ಕೇಳುವ ಮೊದಲೇ ಮಂದಿ ಕೇಳಲು ಹೋಗಿದ್ದರು. 10.50ಕ್ಕೆ ಜೀಪು ಜಾವೇದನ ಮನೆ ಮುಟ್ಟುವ ಹೊತ್ತಿಗೆ ಕಿಟಕಿಗಳು ಒಡೆದಿದ್ದವು. ಅವನ ಹೆಂಡತಿ ದಿಲನಾಜ ಬಾಗಿಲಿಗೆ ಬೆನ್ನು ಕೊಟ್ಟು ಕೂತಿದ್ದಳು. ಹಣೆ ಒಡೆದು ಒಂದು ಕಣ್ಣು ಕಾಣಿಸದಂತೆ ರಕ್ತ ಇಳಿದಿತ್ತು. ಜೀಪು ಕಂಡು ಗುಂಪು ಚದುರಿತು. ಓಡುವವರ ಹೆಸರುಗಳನ್ನು ಫಕ್ಕೀರೇಶ ಬರೆದುಕೊಂಡ. ನೀಲಾ ತನ್ನ ಕರವಸ್ತ್ರವನ್ನು ದಿಲನಾಜಳ ಹಣೆಗೆ ಒತ್ತಿ ಹಿಡಿದಳು. ಏನೂ ಅನಿಸಲಿಲ್ಲ. ಏನಾದರೂ ಅನಿಸಬೇಕಾಗಿತ್ತು ಎಂದಷ್ಟೇ ಅನಿಸಿತು.

"ನಿನ್ನ ಗಂಡ ಎಲ್ಲಿ ಅದಾನ?"

"ಬ್ಯಾಡಗಿಗೆ ಹೋಗ್ಯಾರ್ರಿ. ನಾಳೆ ಸಂತಿಗೆ ಮೆಣಸಿನಕಾಯಿ ಹೇರಿಕೊಂಡು."

ಬ್ಯಾಡಗಿ ಠಾಣೆಯಿಂದ ಒಬ್ಬ ಪೇದೆ ಮಾರುಕಟ್ಟೆಗೆ ಹೋಗಿ ಬಂದು 12.10ಕ್ಕೆ ಫೋನ್ ಮಾಡಿದ. ಗೇಟಿನ ಚೀಟಿಯಲ್ಲಿ ಹೊತ್ತು 5.35. ಕ್ಯಾಮೆರಾದಲ್ಲಿ ಜಾವೇದನ ಮುಖ ನಿಚ್ಚಳ. ಗಾಡಿ ತುಂಬ ಮೆಣಸಿನಕಾಯಿ ಚೀಲ. ಹೆಂಡತಿಗೆ ಪೆಟ್ಟಾದದ್ದನ್ನು ಹೇಳಿದಾಗ ಅವನು ಚೀಲದ ಮೇಲೆ ಕೂತನಂತೆ. ಎಷ್ಟು ಹೊಲಿಗೆ ಎಂದಷ್ಟೇ ಕೇಳಿದನಂತೆ. ಐದು.

ಕಲ್ಲು ತೂರಿದ ಏಳು ಜನರ ಮೇಲೆ ಬೇರೆ ಎಫ್‌ಐಆರ್ ಆಯಿತು. ಮೈಲಪ್ಪನಿಗಾಗಿ ಕಲ್ಲು ಎತ್ತಿದ ಆ ಏಳರಲ್ಲಿ ಒಬ್ಬನೂ ಬೆಳಿಗ್ಗೆ ಮೈಲಪ್ಪನ ಹೆಣ ಎತ್ತಲು ಕೈ ಹಾಕಿರಲಿಲ್ಲ. ಆಂಬುಲೆನ್ಸಿಗೆ ಹೆಣ ಹೇರಿದ್ದು ಇಬ್ಬರು ಪೇದೆಗಳು.

ಮೂರು ಗಂಟೆಗೆ ಶವಪರೀಕ್ಷೆಯ ವೈದ್ಯರು ಹೇಳಿದರು: ಮೊದಲ ಏಟು ಪಕ್ಕದಿಂದ ಬಿದ್ದಿದೆ, ಅದರಿಂದ ಸಾಯುತ್ತಿರಲಿಲ್ಲ. ಉಳಿದೆರಡು ನೆಲಕ್ಕೆ ಬಿದ್ದ ಮೇಲೆ ಕೊಟ್ಟವು.

"ಕೋಣ ಏನು ಸೂಜಿ ಅಲ್ಲ ಫಕ್ಕೀರೇಶ, ಕಳದು ಹೋಗಾಕ," ನೀಲಾ ಹೇಳಿದಳು. "ಸಂತಿ, ಕಸಾಯಿಖಾನಿ, ಗೋಶಾಲಿ, ಎಲ್ಲಾ ಕಡೆ ಫೋನ್ ಹಚ್ಚು."

ಫಕ್ಕೀರೇಶ ಹದಿನಾಲ್ಕು ಕಡೆ ಫೋನ್ ಹಚ್ಚಿದ. 4.40ಕ್ಕೆ ಹಾವೇರಿ ಕಡೆಯ ಒಂದು ಗೋಶಾಲೆಯವರು ಹೌದೆಂದರು. ಅರಿಸಿನ ಬಳಿದ ಕೋಣ, ಬೆಳಿಗ್ಗೆ ಒಂಬತ್ತಕ್ಕೆ ಬಾಡಿಗೆ ಗಾಡಿಯಲ್ಲಿ ಬಂದಿದೆ. ವಹಿಯ ಹಾಳೆಯ ಫೋಟೋ ಮೊಬೈಲಿಗೆ ಬಂತು. ತಂದವರ ಹೆಸರು: ಪ್ರೇಮಕುಮಾರ. ವಿಳಾಸ: ಬುದ್ಧ ವಿಹಾರ, ರಾಣೆಬೆನ್ನೂರು. ಎಲ್ಲಿಂದ ತಂದದ್ದು: ದೊಡ್ಡಪ್ಪನ ಮನೆಯಿಂದ.

"ಅಡ್ರೆಸ್ಸನೂ ಬರದಾನ್ರಿ ಮೇಡಮ್ಮರ," ಫಕ್ಕೀರೇಶ ಹಾಳೆಯನ್ನು ಎರಡು ಸಲ ಓದಿದ. "ಖರೇ ಅಡ್ರೆಸ್."

ಪ್ರೇಮಕುಮಾರ ಮೈಲಪ್ಪನ ಸತ್ತುಹೋದ ತಮ್ಮನ ಮಗ. ಮೂವತ್ತೊಂದು ವರ್ಷ. ಊರು ಬಿಟ್ಟು ರಾಣೆಬೆನ್ನೂರಿನಲ್ಲಿ ಪಂಪ್‌ಸೆಟ್ ಮೋಟರು ರಿಪೇರಿ ಮಾಡುತ್ತಿದ್ದ. ನಾಲ್ಕು ವರ್ಷದ ಹಿಂದೆ ಬೌದ್ಧ ದೀಕ್ಷೆ ತೆಗೆದುಕೊಂಡು ಪಂಚಶೀಲದ ಪ್ರತಿಜ್ಞೆ ಮಾಡಿದ್ದ.

ವಿಹಾರವೆಂದರೆ ತಗಡಿನ ಮಾಡಿನ ಒಂದೇ ಕೋಣೆ. 6.10ಕ್ಕೆ ಅವರು ಹೋದಾಗ ಅದನ್ನು ನೋಡಿಕೊಳ್ಳುವ ಹಿರಿಯ ಹುಲಿಗೇಶ ಅಂಗಳ ಗುಡಿಸುತ್ತಿದ್ದ. ಕುಮಾರಪಟ್ಟಣದ ಕಾರ್ಖಾನೆಯಲ್ಲಿ ದುಡಿದು ನಿವೃತ್ತನಾದವನು.

"ಒಳಗ ಅದಾನ್ರಿ," ಹುಲಿಗೇಶ ಕೇಳದೆಯೇ ಹೇಳಿದ. "ಮುಂಜಾನಿಯಿಂದ ಉಂಡಿಲ್ಲ. ಏನಂತ ಕೇಳಿದ್ರ, ಕೇಳಬ್ಯಾಡ್ರಿ ಅಂದ. ನಾ ಕೇಳಲಿಲ್ಲ."

"ಇಲ್ಲಿ ಏನು ಕಲಿಸ್ತೀರಿ ಇವರಿಗೆ?"

ಹುಲಿಗೇಶ ಕಸಬರಿಗೆಯನ್ನು ಗೋಡೆಗೆ ಒರಗಿಸಿದ. "ಹೋದ ಭಾನುವಾರ ನಾನ ಒಂದು ಹಳೇ ಕತಿ ಹೇಳಿದ್ದೆ. ಒಬ್ಬ ಹಡಗು ನಡಸೋನು. ಹಡಗಿನ್ಯಾಗ ಐನೂರು ಮಂದಿ. ಅವರನ್ನೆಲ್ಲಾ ಕೊಲ್ಲಬೇಕಂತ ಒಬ್ಬ ಕಳ್ಳ ಸೇರಿಕೊಂಡಿರ್ತಾನ. ನಡಸೋನು ಆ ಕಳ್ಳನ್ನ ತಾನ ಕೊಲ್ತಾನ. ಪಾಪ ನನಗ ಬರಲಿ, ಮಂದಿ ಉಳೀಲಿ ಅಂತ."

"ಕೊಲ್ಲಬಹುದು ಅಂತ ಹೇಳಿದ್ರಿ."

"ನರಕಕ್ಕ ಹೋಗಾಕ ತಯಾರಾದೋನ ಕತಿ ಅಂತ ಹೇಳಿದೆ. ಕೇಳಿದೋರಿಗೆ ಹೆಂಗ ಕೇಳಸ್ತು, ಅದು ನನ್ನ ಕೈಯಾಗಿಲ್ಲ. ಹೇಳಿದ್ದು ಮಾತ್ರ ನಾನ."

ಫಕ್ಕೀರೇಶನಿಗೆ ತಡೆಯಲಾಗಲಿಲ್ಲ. "ಬುದ್ಧನ ಮಂದಿನೂ ಹಿಂಗ ಮಾಡ್ತಾರೇನ್ರಿ?"

"ಬುದ್ಧನ ಹೆಸರು ಹೇಳಿ ಊರು ಸುಟ್ಟ ದೇಶಗಳೂ ಅದಾವ್ರಿ, ಸಾಹೇಬ್ರ. ನಾವೂ ಮಂದಿನ."

ಪ್ರೇಮಕುಮಾರ ಒಳಗೆ ಚಾಪೆಯ ಮೇಲೆ ಕೂತಿದ್ದ. ಅಂಗಿಯ ತೋಳಿಗೆ ಅರಿಸಿನ ಹತ್ತಿತ್ತು. ನೀಲಾ ಎದುರಿಗೆ ಕೂತು ಬಲಗಿವಿ ಕೊಟ್ಟಳು.

"ಮೈಲಪ್ಪನ್ನ ಹೊಡದದ್ದು ಯಾರು?"

"ನಾನ್ರಿ."

"ಯಾವುದರಿಂದ?"

"ಗೂಟದಿಂದ. ಕೋಣ ಬಿಚ್ಚಾಕ ಹೋಗಿದ್ದೆ. ಹಗ್ಗ ಬಿಗಿದಿತ್ತು. ಗೂಟನ ಕಿತ್ತೆ. ದೊಡ್ಡಪ್ಪ ಬಂದ."

"ಗೋಶಾಲಿಯಾಗ ಖರೇ ಹೆಸರು ಯಾಕ ಬರದಿ?"

"ಸುಳ್ಳು ಹೇಳೂದಿಲ್ಲಂತ ಶೀಲ ತಗೊಂಡೇನ್ರಿ."

"ಕೊಲ್ಲೂದಿಲ್ಲಂತನೂ ತಗೊಂಡಿದ್ದೆಲ್ಲ?"

"ಹೌದ್ರಿ. ಅದು ಮೊದಲನೇದು."

"ಜಾವೇದನ ಮನಿಗೆ ಕಲ್ಲು ಬಿದ್ದದ್ದು ಗೊತ್ತಾತು?"

"ಮಧ್ಯಾಹ್ನ ಗೊತ್ತಾತ್ರಿ."

"ಅವನ ಹೆಂಡತಿ ಹಣಿ ಒಡದದ್ದು?"

"ಗೊತ್ತಾತು."

"ಠಾಣೆಗೆ ಯಾಕ ಬರಲಿಲ್ಲ?"

ಅಲ್ಲಿಯವರೆಗೆ ಪ್ರತಿ ಪ್ರಶ್ನೆಗೂ ತಡವಿಲ್ಲದೆ ಉತ್ತರ ಕೊಟ್ಟಿದ್ದವನು ನೆಲ ನೋಡಿದ. "ಯಾರೂ ಕೇಳಲಿಲ್ಲ," ಅಂದ. ಹೇಳಿದ ಮೇಲೆ ಅದು ಅವನಿಗೇ ಕೇಳಿಸಿತು. ಎರಡೂ ಕೈಯಿಂದ ಮುಖ ಮುಚ್ಚಿಕೊಂಡ.

6.35ಕ್ಕೆ ದಸ್ತಗಿರಿ ಎಂದು ಬರೆಯಲಾಯಿತು. ಅಂಗಿಯನ್ನು ಪಂಚರ ಎದುರು ಜಪ್ತಿ ಮಾಡಿದರು. ಹುಲಿಗೇಶ ತನ್ನದೊಂದು ಅಂಗಿ ತಂದುಕೊಟ್ಟ.

ಸೋಮವಾರ ಬೆಳಿಗ್ಗೆ 10.30ಕ್ಕೆ ಆರೋಪಿಯ ಸ್ವಇಚ್ಛಾ ಹೇಳಿಕೆ ಬರೆದುಕೊಂಡರು. ನೀಲಾ ತಾನೇ ಬರೆದಳು. ಅವನು ಓದುತ್ತೇನೆಂದ, ಕೊಟ್ಟಳು. ಬೆರಳಿಟ್ಟು ನಿಧಾನ ಓದಿದ. ಒಂದು ಕಡೆ ಬೆರಳು ನಿಂತಿತು. 'ಕೋಣದ ಪ್ರಾಣ ಉಳಿಸುವ ಉದ್ದೇಶದಿಂದ' ಎಂದು ಅಲ್ಲಿ ಬರೆದಿತ್ತು.

"ಈ ಸಾಲು ತಗೀರಿ."

"ನೀನ ಹೇಳಿದ್ದು."

"ಮೊದಲನೇ ಏಟಿಗೆ ಅದು ಖರೇ ಇತ್ತು. ಉಳಿದ ಎರಡಕ್ಕ ಅಲ್ಲ. ಇದ್ರ ಸುಳ್ಳಾಕ್ಕತಿ."

ಅವನು ಹೇಳಿದ. 2013ರಲ್ಲಿ ಊರಲ್ಲಿ ಹಿಂದಿನ ಕೋಣ ಬಿದ್ದಾಗ ಅವನಿಗೆ ಹತ್ತೊಂಬತ್ತು. ಕಡಿದವನು ದೊಡ್ಡಪ್ಪ. ಕಡಿದ ತಲೆಯನ್ನು ಹೊತ್ತು ಊರಿನ ಸೀಮೆ ಸುತ್ತ ಓಡುವ ಪಾಳಿ ಅವನ ಅಪ್ಪನದು. ತಲೆ ನೆಲಕ್ಕೆ ತಾಗಿದರೆ ಊರಿಗೆ ಕೇಡು ಎಂದು ನಂಬಿಕೆ. ಅಪ್ಪನಿಗೆ ಆಗಲೇ ಎದೆನೋವಿತ್ತು. ಒಲ್ಲೆ ಅನ್ನಲಿಲ್ಲ. ಮೂಡಣದ ಸೀಮೆಗಲ್ಲಿನ ಹತ್ತಿರ ಕುಸಿದ. ಬಿದ್ದರೂ ಎರಡೂ ಕೈಯಿಂದ ಆ ತಲೆಯನ್ನು ಮೇಲಕ್ಕೆ ಎತ್ತಿ ಹಿಡಿದಿದ್ದ.

"ದೊಡ್ಡಪ್ಪ ಬಾಗಿದ್ರಿ. ಅಪ್ಪನ್ನ ಎತ್ತಾಕ ಬಾಗ್ಯಾನ ಅನಕೊಂಡೆ. ತಲಿ ತಗೊಂಡು ಓಡಿದ. ಎಲ್ಲಾರೂ ಅವನ ಬೆನ್ನ ಹತ್ತಿ ಓಡಿದ್ರು. ಒಂದು ತಾಸು ಆದಮ್ಯಾಲೆ ವಾಪಸ್ ಬಂದ್ರು. ಅಷ್ಟರಾಗ ಮುಗದಿತ್ತು."

ಫಕ್ಕೀರೇಶ ಬಾಗಿಲ ಬಳಿ ನಿಂತೇ ಇದ್ದ.

"ನಿನ್ನೆ ಏನಾತು?" ನೀಲಾ ಕೇಳಿದಳು. "ಮೊದಲನೇ ಏಟು ಆದಮ್ಯಾಲೆ?"

"ದೊಡ್ಡಪ್ಪ ನೆಲಕ್ಕ ಬಿದ್ದ. ತಲಿಯಿಂದ ರಕ್ತ ಬರಾಕತ್ತಿತ್ತು. ನಾ ಹೆದರಿ ಗೂಟ ಒಗಿಯೋನಿದ್ದೆ. ಖರೇ ಹೇಳ್ತೇನಿ, ಎತ್ತಿಕೊಂಡು ದವಾಖಾನಿಗೆ ಒಯ್ಯೂದಿತ್ತು. ಆಗ ದೊಡ್ಡಪ್ಪ ಕಣ್ಣು ತಗದು ಅಂದ, 'ಕೋಣ ಹಿಡಿಯೋ, ಓಡಿ ಹೋದೀತು.'"

ಅವನು ಅಲ್ಲಿಗೆ ನಿಲ್ಲಿಸಿದ. ನೀಲಾ 'ಪ್ರಾಣ ಉಳಿಸುವ' ಸಾಲಿನ ಮೇಲೆ ಗೀಟು ಎಳೆದು ಪಕ್ಕದಲ್ಲಿ ಸಣ್ಣ ಸಹಿ ಹಾಕಿದಳು. ಕೇಸ್ ಡೈರಿಯಲ್ಲಿ ಕೃತ್ಯದ ಉದ್ದೇಶ: 'ತಂದೆಯ ಸಾವಿನ ವಿಷಯದಲ್ಲಿ ಹಳೆಯ ದ್ವೇಷ.' ಹಡಗಿನ ಕತೆಯನ್ನು ಬರೆಯಲಿಲ್ಲ.

11.45ಕ್ಕೆ ಆರೋಪಿಯನ್ನು ನ್ಯಾಯಾಲಯಕ್ಕೆ ಕಳಿಸಲು ಜೀಪು ಸಿದ್ಧವಾಯಿತು. ಅಂಗಳದಲ್ಲಿ ಭರಮವ್ವ ನಿಂತಿದ್ದಳು. ಕೈದಿಯನ್ನು ನೋಡಿದಳು. ಬೈಯಲಿಲ್ಲ, ಅಳಲಿಲ್ಲ. ನೀಲಾಳ ಬಳಿ ಬಂದಳು.

"ಯವ್ವಾ, ಇವತ್ತು ಹೆಣ ಕೊಡ್ತಾರಂತ. ಮಣ್ಣು ಕೊಡಾಕ ಮನ್ಯಾಗ ಇವನ ಒಬ್ಬ ಗಂಡಸು. ಒಂದು ತಾಸು ಬಿಡ್ತೀರೇನು?"

"ಅದು ಕೋರ್ಟಿನವರನ್ನ ಕೇಳಬೇಕು ದೊಡ್ಡವ್ವ."

"ಕೇಳ್ರಿ," ಅಂದಳು ಭರಮವ್ವ, ಮತ್ತು ಯಾರೂ ಹೇಳದೆಯೇ ಜೀಪು ಹತ್ತಿ ಪ್ರೇಮಕುಮಾರನ ಎದುರಿನ ಸೀಟಿನಲ್ಲಿ ಕೂತಳು.