ಡ್ರಮ್‌ಗ್ಯಾರನ್ನಿನ ಕೊನೆಯ ವಾರಸುದಾರ

“ಇದು ರಾಡರಿಕ್ ಕೈಬರಹ ಅಲ್ವಾ ಲೆಟಿ?... ಬಾಯ್ಬಿಡು!”

ದಿಂಬಿಗೊರಗಿದ್ದ ಮುದುಕ ಆಂಬ್ರೋಸ್ ಪ್ರಭುವಿನ ಕೈಯಲ್ಲಿ ಹಳದಿಗಟ್ಟಿದ ಕಾಗದವೊಂದಿತ್ತು. ಕೀರ್ತನೆ ಓದಿಕೊಳ್ಳೋಣವೆಂದು ಮಗಳ ಪ್ರಾರ್ಥನಾ ಪುಸ್ತಕ ಕೈಗೆತ್ತಿಕೊಂಡಾಗ ಒಳಗಿಂದ ಜಾರಿ ಬಿದ್ದಿತ್ತು ಅದು. ನಲವತ್ತಾರರ ಲೆಟಿಷಿಯಾ ಹಾಸಿಗೆಯ ಬಳಿ ಬಂದಳು. ಫ್ರಾನ್ಸಿನ ಯುದ್ಧಭೂಮಿಯಲ್ಲಿ ಮಡಿಯುವ ಮುನ್ನ ತಮ್ಮ ರಾಡರಿಕ್ ಬರೆದ ಕಡೆಯ ಕಾಗದ... ‘ಕಮ್ಮಾರನ ಮಗಳು ಬ್ರೀಡಾಳನ್ನು ಅವರ ಕ್ಯಾಥೊಲಿಕ್ ಚರ್ಚಿನಲ್ಲಿ ಮದುವೆಯಾಗಿದ್ದೇನೆ ಅಕ್ಕ. ಅವಳೀಗ ಬಸುರಿ. ಅವಳು ಬಂದರೆ ನೀನು ಕೈ ಬಿಡುವುದಿಲ್ಲವೆಂದು ಹೇಳಿದ್ದೇನೆ.’

“ಆ ಹುಡುಗಿ ಬಂದಿದ್ಲಾ?”

“ಬಂದಿದ್ಲು ಪಪ್ಪಾ... ಕಂಕುಳಲ್ಲಿ ಗಂಡು ಮಗು ಇತ್ತು.”

“ನೀನೇನಂದೆ?”

ಲೆಟಿಷಿಯಾ ಮುಖ ಮುಚ್ಚಿಕೊಂಡಳು. ಅಂದು ತಾಯಿ ಹೆನ್ರಿಯೆಟಾ ಬೆನ್ನ ಹಿಂದೆಯೇ ನಿಂತಿದ್ದಳು. ಹುಟ್ಟಿದಂದಿನಿಂದ ಆ ತಾಯಿಯ ಮಾತಿಗೆ ಎದುರಾಡಿ ಗೊತ್ತಿರದ ಲೆಟಿಷಿಯಾ, ಅವಳು ಹೇಳಿಕೊಟ್ಟಂತೆಯೇ ಅಂದಿದ್ದಳು: “ಅಂಥ ಮದುವೆ ಯಾವುದೂ ನಮಗೆ ಗೊತ್ತಿಲ್ಲ.”

“ಹದಿಮೂರು ವರ್ಷ!” ಮುದುಕ ಎದೆ ಗುದ್ದಿಕೊಂಡ. “ಇನ್ನೂರೈವತ್ತು ವರ್ಷದ ಬಿರುದು ನನ್ನ ಜೊತೆ ಮಣ್ಣಾಗುತ್ತೆ ಅಂತ ನಾನಿಲ್ಲಿ ಕೊರಗಿ ಸಾಯ್ತಿದ್ರೆ... ನನ್ನ ಮೊಮ್ಮಗ ಈ ಭೂಮಿ ಮೇಲೇ ಇದ್ದ! ಹೋಗು ಲೆಟಿ. ಕಾಲು ಹಿಡಿದಾದ್ರೂ ಕರ್ಕೊಂಡು ಬಾ. ನಾನು ತಡೀತೀನಿ. ಅವನು ಬರೋವರೆಗೂ ಸಾಯಲ್ಲ.”

ಡ್ರಮ್‌ಗ್ಯಾರನ್ ಬಿರುದು ಗಂಡು ಸಂತಾನಕ್ಕೆ ಮಾತ್ರ ಸಲ್ಲತಕ್ಕದ್ದು. ಒಂಬತ್ತನೆಯ ಪ್ರಭುವಾದ ಆಂಬ್ರೋಸ್‌ಗೆ ಅಣ್ಣತಮ್ಮಂದಿರಿರಲಿಲ್ಲ, ದಾಯಾದಿಗಳೂ ಉಳಿದಿರಲಿಲ್ಲ. ಬ್ರೀಡಾ ಗಾಲ್ವೇ ಕಡಲ ಕಡೆ ಇದ್ದಾಳೆಂದು ಎಂದೋ ಕೇಳಿದ್ದ ಲೆಟಿಷಿಯಾ ಮರುದಿನವೇ ಅಲ್ಲಿಗೆ ರೈಲು ಹತ್ತಿದಳು. ದಾರಿಯುದ್ದಕ್ಕೂ ಕ್ಷಮೆಯ ಮಾತುಗಳನ್ನು ಮನಸ್ಸಿನಲ್ಲೇ ಜೋಡಿಸಿಕೊಂಡಳು, ಅಳಿಸಿದಳು, ಮತ್ತೆ ಜೋಡಿಸಿದಳು.

ಕಡಲ ದಂಡೆಯ ಹುಲ್ಲುಮಾಡಿನ ಮನೆಯೆದುರು ಬ್ರೀಡಾ ಮೀನು ಸೀಳುತ್ತ ಕೂತಿದ್ದಳು. ತಲೆ ಎತ್ತಿದಳು, ಕೈ ಮಾತ್ರ ನಿಲ್ಲಲಿಲ್ಲ.

“ಬನ್ನಿ ಅಮ್ಮಾವ್ರೇ. ಅತ್ತಿಗೆ ಅನ್ನಬೇಕೋ ಏನೋ... ಮದುವೆಯೇ ಆಗಿಲ್ವಲ್ಲ ನಮಗೆ!”

“ಬ್ರೀಡಾ, ನಿನ್ನ ಮುಂದೆ ನಿಲ್ಲೋ ಯೋಗ್ಯತೆ ನನಗಿಲ್ಲ. ಪಪ್ಪಾಗೆ ಎಲ್ಲಾ ಗೊತ್ತಾಗಿದೆ. ನಿನ್ನ ಮಗನೇ ಮುಂದಿನ ಪ್ರಭು. ನೀವಿಬ್ರೂ ಬರಬೇಕು.”

“ಪ್ರಭು!” ಬ್ರೀಡಾ ಗಹಗಹಿಸಿ ನಕ್ಕಳು. ಆ ನಗು ಎಲ್ಲಿ ಅಳುವಾಯಿತೋ ಲೆಟಿಷಿಯಾಳಿಗೆ ತಿಳಿಯಲೇ ಇಲ್ಲ. “ತಡ ಮಾಡಿಬಿಟ್ರಲ್ಲ ಅಮ್ಮಾವ್ರೇ... ಈಸ್ಟರ್‌ಗೆ ಮುಂಚೆಯೇ ಮಣ್ಣು ಮಾಡಿದ್ವಿ. ಎದೆ ರೋಗ. ಬಟ್ಟಲು ಬಟ್ಟಲು ರಕ್ತ ಕಾರ್ಕೊಂಡ ನನ್ನ ಫಿಂಟನ್.”

ಲೆಟಿಷಿಯಾ ಅಲ್ಲೇ ಒದ್ದೆ ಕಲ್ಲಿನ ಮೇಲೆ ಕೂತಳು.

ಬ್ರೀಡಾ ಒಳಹೋಗಿ ಲಕೋಟೆಯೊಂದನ್ನು ತಂದು ಅವಳ ಮಡಿಲಿಗೆಸೆದಳು. “ನನಗೆ ಹೇಳದೆ ಅವನೇ ಬರೆದಿದ್ದ. ಹೋದ ಹಾಗೇ ವಾಪಸ್ ಬಂತು. ಒಡೆಯೋಕೆ ನನಗೆ ಮನಸ್ಸಾಗ್ಲಿಲ್ಲ.”

ಮೇಲೆ ಗುಂಡು ಗುಂಡಾದ ಎಳೆಯ ಅಕ್ಷರದಲ್ಲಿ ಲೆಟಿಷಿಯಾಳ ಹೆಸರು. ಅದರ ಮೇಲೆ ಅಡ್ಡಲಾಗಿ ತಾಯಿಯ ಕೈಬರಹ: ‘ತಿರುಗಿ ಕಳಿಸಿ.’ ಲೆಟಿಷಿಯಾ ಲಕೋಟೆ ಒಡೆದಳು.

‘ಪ್ರೀತಿಯ ಅತ್ತೆಗೆ, ನನ್ನ ಎದೆಗೆ ಕಡಲ ತೇವ ಆಗುವುದಿಲ್ಲವೆಂದು ಡಾಕ್ಟರು ಹೇಳುತ್ತಾರೆ. ನಿಮ್ಮಲ್ಲಿ ಬೆಚ್ಚಗಿನ ಮೂಲೆಯೊಂದಿದ್ದರೆ ಬೇಸಿಗೆ ಬರುವತನಕ ಇರಲೇ? ನಾನು ಯಾರೆಂದು ಯಾರಿಗೂ ಹೇಳುವುದಿಲ್ಲ. ನನಗೆ ಕುದುರೆ ತಿಕ್ಕಲು ಬರುತ್ತದೆ.’

ಅತ್ತೆ!... ಹುಟ್ಟಿದ ಮೇಲೆ ಯಾರೂ ಅವಳನ್ನು ಹಾಗೆ ಕರೆದಿರಲಿಲ್ಲ. ನಲವತ್ತು ಕೋಣೆಗಳ ಆ ಮನೆಯಲ್ಲಿ ಮೂವತ್ತಕ್ಕೆ ಬೀಗ ಬಿದ್ದಿತ್ತು. ಕಂದ ಕೇಳಿದ್ದು ಒಂದು ಮೂಲೆ!

“ಬ್ರೀಡಾ, ಅವನ ಸಮಾಧಿಗೆ ಒಂದು ಒಳ್ಳೆ ಕಲ್ಲು... ನಮ್ಮ ಮನೆತನದ ಹೆಸರು...”

“ಬೇಡ. ಬದುಕಿದ್ದಾಗ ಇಲ್ಲದ ಹೆಸರು ಸತ್ತ ಮೇಲೆ ಯಾಕೆ? ಅವನ ಗೋರಿ ಮೇಲಿನ ಹುಲ್ಲು ಕೀಳೋಕೆ ನಾನಿದ್ದೀನಿ. ನೀವು ಇನ್ನು ಬರಬೇಡಿ ಅಮ್ಮಾವ್ರೇ. ನಿಮ್ಮನ್ನ ಬೈಯೋಕೂ ನನ್ನಲ್ಲಿ ಶಕ್ತಿ ಉಳಿದಿಲ್ಲ.”

ಊರಿಗೆ ಮರಳಿದ ಲೆಟಿಷಿಯಾ ಟೋಪಿಯನ್ನೂ ತೆಗೆಯದೆ ನೇರವಾಗಿ ತಾಯಿಯ ಮುಂದೆ ನಿಂತು ಲಕೋಟೆ ಚಾಚಿದಳು. ಮೊಟ್ಟಮೊದಲ ಬಾರಿಗೆ ಅವಳ ದನಿ ಏರಿತ್ತು. “ನೀನು ಮನುಷ್ಯಳಾ ಮಮ್ಮಾ? ನಿನ್ನ ಮಗನ ಮಗ ಅವನು!”

ಹೆನ್ರಿಯೆಟಾ ಕನ್ನಡಕ ಏರಿಸಿ ನೋಡಿದಳು. ಮುಖದ ಒಂದು ಗೆರೆಯೂ ಅಲುಗಲಿಲ್ಲ. “ಕೂಗಾಡಬೇಡ, ಆಳುಗಳು ಕೇಳಿಸ್ಕೊಳ್ತಾರೆ. ಕುದುರೆಗೆ ಲಾಳ ಹೊಡೆಯೋನ ಮೊಮ್ಮಗ ಈ ಮನೆ ಪ್ರಭು ಆಗೋದಕ್ಕಿಂತ ಆ ಬಿರುದು ಸಾಯೋದೇ ವಾಸಿ. ಆವತ್ತೂ ಅದನ್ನೇ ಹೇಳಿದ್ದೆ. ಬಾಗಿಲಲ್ಲಿ ನಿಂತು ಇಲ್ಲ ಅಂದವಳು ನೀನು, ನಾನಲ್ಲ.”

ಆ ಮಾತು ನಿಜವಾಗಿತ್ತು.

ಮಹಡಿ ಹತ್ತಿ ತಂದೆಯ ಕೋಣೆಗೆ ಕಾಲಿಟ್ಟವಳು ಹೊಸ್ತಿಲಲ್ಲೇ ನಿಂತಳು. ಮುದುಕ ಹಾಸಿಗೆ ಬಿಟ್ಟೆದ್ದು ಕುರ್ಚಿಯಲ್ಲಿ ಕುಳಿತಿದ್ದ! ದೊರೆಯ ಪಟ್ಟಾಭಿಷೇಕಕ್ಕೆ ಪ್ರಭುಗಳು ತೊಡುವ ಕೆಂಪು ಮಖಮಲ್ಲಿನ ನಿಲುವಂಗಿ ಆ ಎಲುಬುಗೂಡಿನ ಮೇಲೆ ಜೋತುಬಿದ್ದಿತ್ತು. ಗಡ್ಡ ನುಣ್ಣಗೆ ಬೋಳಿಸಿಕೊಂಡಿದ್ದ.

“ಬಂದ್ಯಾ ಲೆಟಿ? ಎಲ್ಲಿ ಅವನು? ನಾಚ್ಕೋತಾನಾ? ಒಳಗೆ ಬಾ ಅನ್ನು. ಅಜ್ಜ ಗದರಲ್ಲ ಅನ್ನು...”

ಒಂದು ಸುಳ್ಳು ಹೇಳಿಬಿಡಲೇ? ನಾಳೆ ಬರುತ್ತಾನೆ ಎನ್ನಲೇ?... ಒಮ್ಮೆ ಹೇಳಿದ ಸುಳ್ಳಿನ ಫಲವನ್ನು ಅವಳು ಆಗಲೇ ಕಣ್ಣಾರೆ ಕಂಡುಬಂದಿದ್ದಳು. ತಂದೆಯ ಮೊಣಕಾಲಿಗೆ ತಲೆಯಿಟ್ಟು ಎಲ್ಲವನ್ನೂ ಹೇಳಿದಳು. ಮುದುಕ ಅವಳ ತಲೆಯ ಮೇಲೆ ಕೈಯಿಟ್ಟ.

“ಹೆಸರೇನಂತೆ?”

“ಫಿಂಟನ್... ಫಿಂಟನ್ ಆಂಬ್ರೋಸ್, ಪಪ್ಪಾ. ಕಾಗದದ ಕೆಳಗೆ ಹಾಗೇ ಸಹಿ ಮಾಡಿದ್ದ. ನಿಮ್ಮ ಹೆಸರೂ ಇಟ್ಟಿದ್ಲು.”

ಮುದುಕ ಕೊರಳ ಗುಂಡಿಗೆ ಕೈಹಾಕಿದ. “ಈ ನಿಲುವಂಗಿ ಬಿಚ್ಚಮ್ಮ,” ಎಂದ ಮೆಲ್ಲಗೆ. “ತುಂಬಾ ಭಾರ.”

ನಾಲ್ಕನೆಯ ದಿನ ಬೆಳಿಗ್ಗೆ ಆತ ತೀರಿಕೊಂಡ. ಡಬ್ಲಿನ್ನಿನ ಪತ್ರಿಕೆಯಲ್ಲಿ ನಾಲ್ಕು ಸಾಲು ಬಂತು: ವಾರಸುದಾರರಿಲ್ಲದ ಕಾರಣ ಬಿರುದು ಕೊನೆಗೊಂಡಿದೆ. ಹೆನ್ರಿಯೆಟಾ ಅದನ್ನು ಕತ್ತರಿಸಿ ಜೋಪಾನ ಮಾಡಿದಳು.

ಲೆಟಿಷಿಯಾ ಎರಡು ಸಲ ಪೆಟ್ಟಿಗೆ ಕಟ್ಟಿದಳು, ಎರಡು ಸಲವೂ ಬಿಚ್ಚಿದಳು. ಹೋಗುವುದೆಲ್ಲಿಗೆ? ಹೋಗಬೇಕೆನಿಸಿದ್ದ ಒಂದೇ ಒಂದು ಮನೆಯವಳು ಬರಬೇಡವೆಂದಿದ್ದಳು. ಆ ಚಳಿಗಾಲದಲ್ಲಿ ತಾಯಿಗೆ ಕಣ್ಣು ಮಂಜಾಗತೊಡಗಿತು. ಉದ್ದನೆಯ ಮೇಜಿನ ಈ ತುದಿಯಲ್ಲೊಬ್ಬಳು, ಆ ತುದಿಯಲ್ಲೊಬ್ಬಳು, ಮಾತಿಲ್ಲದ ಊಟ.

“ಲೆಟಿ, ಚಹಾ ಬಗ್ಗಿಸು,” ಎನ್ನುತ್ತಿದ್ದಳು ತಾಯಿ.

ಲೆಟಿಷಿಯಾ ಎದ್ದು ಬಗ್ಗಿಸುತ್ತಿದ್ದಳು.