ಮಾರ್ದನಿ ನಾಡಿನ ಅಕ್ಷರಗಳು

ಬಿ.ಸಿ.ರೋಡಿನ ಹಿಯರಿಂಗ್ ಕ್ಲಿನಿಕ್ಕಿನ ಬೆಂಚಿನಲ್ಲಿ ಒಬ್ಬ ಯುವಕ ಗೋಡೆ ನೋಡುತ್ತಾ ಗಂಟಲಿನಿಂದ ಏನೋ ಸದ್ದು ಹೊರಡಿಸುತ್ತಿದ್ದ. ಮಾತಿನ ತೊಂದರೆಗಳಿಗೆ ಚಿಕಿತ್ಸೆ ಕೊಡುವ ಫರ್ಹಾನ ಬಾಗಿಲಿಗೆ ಬಂದಳು.

“ಒಳಗೆ ಬನ್ನಿ. ಯಾವಾಗಿನಿಂದ ಹೀಗಾಗ್ತಾ ಉಂಟು?”

“ಕಥೆ ಬರೆಯಲು ಶುರುಮಾಡಿದಂದಿನಿಂದ.”

ರೋಗಿಯಲ್ಲ ಅವನು. ಹೆಸರು ಹಾರಿಸ್, ಮೂಡುಬಿದಿರೆಯವ, ಕಾಲೇಜಿನಲ್ಲಿ ಫಿಸಿಕ್ಸ್ ಪಾಠ ಮಾಡುತ್ತಿದ್ದ. ‘ಮಾರ್ದನಿ’ ಎಂಬ ನಾಡೊಂದನ್ನು ಕಲ್ಪಿಸಿ ಆಡಿಯೋ ಧಾರಾವಾಹಿ ಮಾಡುತ್ತಿದ್ದ. ಅಲ್ಲಿಯ ವಿದ್ವಾಂಸರಿಗೆ ಸದ್ದೇ ವಿಜ್ಞಾನ: ತುಟಿಯ ಅಕ್ಷರಗಳು ನೀರು ಎಬ್ಬಿಸುತ್ತವೆ, ಗಂಟಲಿನವು ಕಬ್ಬಿಣ ಕರಗಿಸುತ್ತವೆ, ಹಲ್ಲಿಗೆ ನಾಲಿಗೆ ತಾಗಿಸಿದರೆ ದೀಪ ಹೊತ್ತುತ್ತದೆ. ಇವನ್ನೆಲ್ಲ ಮನುಷ್ಯನ ಬಾಯಿಯಿಂದ ಸರಿಯಾಗಿ ಹೊರಡಿಸುವುದು ಹೇಗೆಂದು ಕೇಳಲು ಬಂದಿದ್ದ.

ಫರ್ಹಾನ ನಗು ತಡೆದಳು. “ಹಾಗಾದರೆ ಹಲ್ಲು ಬಿದ್ದ ಅಜ್ಜಿಯರು ಕತ್ತಲೆಯಲ್ಲಿ ಕೂರಬೇಕಾ?”

ಅವನು ತಲೆ ಕೆರೆದುಕೊಂಡ. ಮುಂದಿನ ಶನಿವಾರ ಉತ್ತರದೊಂದಿಗೆ ಹಾಜರಾದ: ಅಜ್ಜಿಯರು ನೆರೆಮನೆಗೆ ನೀರು ಎಬ್ಬಿಸಿಕೊಡುತ್ತಾರೆ, ನೆರೆಯವರು ಬಂದು ಅವರ ದೀಪ ಹೊತ್ತಿಸುತ್ತಾರೆ.

ಆಮೇಲೆ ಪ್ರತಿ ಶನಿವಾರ ಕ್ಲಿನಿಕ್ ಮುಗಿದ ಮೇಲೆ ಎದುರಿನ ಹೋಟೆಲಿನಲ್ಲಿ ಚಹಾ. ಅವಳು ‘ಮ’ ಎಂದು ತೋರಿಸಿದರೆ ಅವನು ಅವಳ ತುಟಿ ನೋಡಿ, ತಕ್ಷಣ ಕಿಟಕಿ ನೋಡುತ್ತಿದ್ದ. “ನೋಡದೆ ಕಲಿಯುವುದು ಹೇಗೆ?” ಎಂದರೆ ಅವನ ಕಿವಿ ಕೆಂಪಗಾಗುತ್ತಿತ್ತು. ಬೆಳ್ತಂಗಡಿಯಲ್ಲಿ ಮಕ್ಕಳ ಕಿವಿ ಪರೀಕ್ಷೆಯ ಕ್ಯಾಂಪಿಗೆ ಹೋಗುವಾಗ ಬಸ್ಸಿನಲ್ಲಿ ಆ ಕಿವಿ ನೆನಪಾಗಿ ಅವಳಿಗೆ ಪುಸ್ತಕದಲ್ಲಿ ಕಣ್ಣು ನಿಲ್ಲುತ್ತಿರಲಿಲ್ಲ.

ಒಂದು ಶನಿವಾರ ಅವನು ಹೊಸ ನಿಯಮ ಓದಿ ಹೇಳಿದ. ಮಾರ್ದನಿಯಲ್ಲಿ ಪ್ರೀತಿಯ ಮಾತು ಹೇಳಿದವರ ಧ್ವನಿ ಹೋಗಿಬಿಡುತ್ತದೆ. ಅದಕ್ಕೇ ಅಲ್ಲಿ ಯಾರೂ ಹೇಳುವುದಿಲ್ಲ.

“ಇದು ಯಾವ ವಿಜ್ಞಾನ ಮಾರಾಯ್ರೆ?”

“ಹೆದರಿಕೆಯದ್ದು,” ಎಂದ ಹಾರಿಸ್.

ಅವಳು ಕಾದಳು. ಅವನು ಚಮಚ ತಿರುಗಿಸುತ್ತಲೇ ಇದ್ದ. ಕೊನೆಗೆ ಅವಳೇ ಹೇಳಿದಳು: “ಶುಕ್ರವಾರ ಕನ್ಯಾನದಿಂದ ಹುಡುಗನ ಕಡೆಯವರು ನನ್ನನ್ನು ನೋಡಲಿಕ್ಕೆ ಬರ್ತಾರೆ.”

ಚಮಚ ನಿಂತಿತು. “ಒಳ್ಳೆಯದಾಯಿತು,” ಎಂದ.

ಅಷ್ಟೇ. ಮುಂದಿನ ಶನಿವಾರ ಅವನು ಬರಲಿಲ್ಲ. ಬಾಗಿಲು ಸದ್ದಾದಾಗಲೆಲ್ಲ ಫರ್ಹಾನ ತಲೆ ಎತ್ತಿದಳು. ಫೋನು ತೆಗೆದಳು, ಇಟ್ಟಳು. ಮನೆಯಲ್ಲಿ ಅನ್ನ ಕಲಸಿ ಹಾಗೆಯೇ ಬಿಟ್ಟಳು. ಸಿಟ್ಟು ಅವನ ಮೇಲೋ ತನ್ನ ಮೇಲೋ ತಿಳಿಯಲಿಲ್ಲ.

ಸೋಮವಾರ ಕ್ಯಾಂಪ್ ಮುಗಿಸಿ ಬೆಳ್ತಂಗಡಿಯಲ್ಲಿ ಮನೆ ಕಡೆಯ ಬಸ್ಸು ಬಿಟ್ಟು ಮೂಡುಬಿದಿರೆಯ ಬಸ್ಸು ಹತ್ತಿದಳು.

ಚಹಾ ಕುಡಿಯುವಾಗ ಅವನೇ ಹೇಳಿದ್ದಂತೆ, ಗೆಳೆಯ ಅಭಿನಂದನನ ಪಾತ್ರೆ ಅಂಗಡಿಯ ಮಹಡಿಯೇ ಹಾರಿಸನ ಸ್ಟುಡಿಯೋ. ಅವಳನ್ನು ನೋಡಿ ಅವನು ಹೆಡ್‌ಫೋನ್ ತೆಗೆಯಲೂ ಮರೆತು ಎದ್ದು ನಿಂತ.

“ಕನ್ಯಾನದವರಿಗೆ ಬೇಡ ಅಂದೆ,” ಎಂದಳು ಫರ್ಹಾನ. “ನಿಮಗೋಸ್ಕರ ಅಲ್ಲ. ಕೆಲಸ ಬಿಡಬೇಕಂತೆ. ಆದರೆ ನಿಮ್ಮ ‘ಒಳ್ಳೆಯದಾಯಿತು’ ಮಾತ್ರ ನನಗೆ ನುಂಗಲಿಕ್ಕೆ ಆಗ್ಲಿಲ್ಲ.”

“ನನಗೂ,” ಎಂದ. “ಹೇಳಿದ್ರೆ ನೀವು ಚಹಾಕ್ಕೂ ಬರ್ಲಿಕ್ಕಿಲ್ಲ ಅಂತ ಹೆದರಿದೆ.”

“ಏನು ಹೇಳಿದ್ರೆ?”

ಅವನು ಈ ಸಲ ಕಿಟಕಿ ನೋಡಲಿಲ್ಲ. “ನಿಮ್ಮ ಮೇಲೆ ಪ್ರೀತಿ ಉಂಟು ಅಂತ.” ಕೇಳುವುದೋ ಬೇಡವೋ ಎಂಬಂತೆ ತಡೆದು, “ನಾವು ಮದುವೆ ಆಗುವಾ?” ಎಂದ.

“ಕೆಲಸ ಬಿಡುವುದಿಲ್ಲ.”

“ಬಿಟ್ರೆ ನನ್ನ ಉಚ್ಚಾರ ಯಾರು ತಿದ್ದುವುದು?”

ಅವಳು ನಕ್ಕಳು. ಸಿಕ್ಕಿದ ಸ್ಟೂಲಿನಲ್ಲಿ ಕುಳಿತಳು. “ನನ್ನ ಅಬ್ಬ ಸಂಜೆ ಮನೆಯಲ್ಲೇ ಇರ್ತಾರೆ. ಬರ್ತೀರಾ?”

ಹಾರಿಸ್ ಅಲ್ಲಿಂದಲೇ ತಾಯಿ ನಫೀಸಮ್ಮನಿಗೆ ಫೋನ್ ಮಾಡಿದ. “ಉಮ್ಮಾ, ಹೊರಡಿ, ಬಿ.ಸಿ.ರೋಡಿಗೆ ಹೋಗುವ. ಹುಡುಗಿ ಕೇಳಲಿಕ್ಕೆ.”

ಆ ಕಡೆಯ ಧ್ವನಿ ಫರ್ಹಾನಳಿಗೂ ಕೇಳಿಸಿತು: “ಹುಡುಗಿಗೆ ಗೊತ್ತುಂಟಾ?”

ಅವನು ಫೋನನ್ನು ಫರ್ಹಾನಳ ಕೈಗೆ ಕೊಟ್ಟ.

“ಗೊತ್ತುಂಟು ಉಮ್ಮಾ,” ಎಂದಳು.