ನಾಲ್ಕು ಜನರ ಬಾಲ್ಕನಿ

ಬಾಲ್ಕನಿಯಲ್ಲಿದ್ದ ಏಳು ಕುರ್ಚಿಗಳನ್ನೂ ಆತ ಒಂದೊಂದಾಗಿ ಎತ್ತಿ ಒಳಗೆ ತಂದಿಡುತ್ತಿದ್ದ. ಯಾರನ್ನೂ ಕೇಳಿರಲಿಲ್ಲ.

ಅವಳು ಕೆಲಸದಿಂದ ಮನೆಗೆ ಬಂದಾಗ ಮೂರನೆಯ ಕುರ್ಚಿ ಹೊಸ್ತಿಲು ದಾಟುತ್ತಿತ್ತು.

"ಯಾರು ನೀವು? ನಮ್ಮ ಕುರ್ಚಿ ಯಾಕೆ ಎತ್ತಿಡ್ತಿದೀರಿ?"

"ನಗರಸಭೆ ಇಂಜಿನಿಯರ್. ಮೆರವಣಿಗೆ ಬೀದಿಯ ಬಾಲ್ಕನಿಗಳನ್ನೆಲ್ಲ ನೋಡ್ತಿದೀನಿ. ನಿಮ್ಮದು ಬಿರುಕು ಬಿಟ್ಟಿದೆ."

"ಅದು ನಾನು ಹುಟ್ಟೋಕೆ ಮುಂಚಿಂದಾನೂ ಬಿಟ್ಟಿದೆ."

"ಅದು ಸಮಾಧಾನದ ಮಾತಲ್ಲ," ಎಂದು ನಾಲ್ಕನೆಯ ಕುರ್ಚಿಗೆ ಕೈ ಹಾಕಿದ.

ಅವಳಿಗೆ ಮೈ ಉರಿಯಿತು. ಮೆರವಣಿಗೆಗೆ ಇನ್ನು ಹನ್ನೆರಡೇ ದಿನ. ವರ್ಷಕ್ಕೊಮ್ಮೆ ಇಡೀ ಊರಿಗೆ ರಜೆ ಕೊಟ್ಟು ನಡೆಸುವ ಮೆರವಣಿಗೆ ಅದು. ಅವರ ಮನೆ ಇದ್ದದ್ದು ಬೀದಿಯ ತಿರುವಿನಲ್ಲಿ. ಬ್ಯಾಂಡಿನವರು ಸಾಲು ಸರಿಮಾಡಿಕೊಳ್ಳಲು ಅಲ್ಲೇ ಒಂದು ನಿಮಿಷ ನಿಲ್ಲುತ್ತಾರೆ. ಯಾರು ಎಲ್ಲಿ ಕೂರಬೇಕು, ಯಾವಾಗ ಟೀ ಬರಬೇಕು ಎಂದು ಅವಳು ಹಾಳೆಯ ಮೇಲೆ ಬರೆದಿಟ್ಟಿದ್ದಳು. ಹಲ್ಲಿನ ಸೆಟ್ಟು ತಯಾರಿಸುವ ಲ್ಯಾಬಿನಲ್ಲಿ ಅವಳ ಕೆಲಸ. ಹಲ್ಲಾಗಲಿ, ನೆಂಟರಾಗಲಿ, ಸಾಲಾಗಿ ಕೂರಿಸುವುದು ಅಭ್ಯಾಸವಾಗಿಹೋಗಿತ್ತು.

"ಎಷ್ಟು ಜನ ನಿಲ್ತೀರಿ ಇಲ್ಲಿ? ತೂಕ ಸಮೇತ ಹೇಳಿ," ಎಂದ ಆತ.

ಅಪ್ಪ, ಅಮ್ಮ, ತಮ್ಮ, ತಮ್ಮನ ಹೆಂಡತಿ, ತಂಗಿ, ತಂಗಿಯ ಗಂಡ. ಅವಳು ಒಬ್ಬೊಬ್ಬರ ತೂಕವನ್ನೂ ಹೇಳಿದಳು. ಅಪ್ಪನ ಅಕ್ಕ, ಅಂದರೆ ಅತ್ತೆ, ಸೋಫಾದಲ್ಲಿ ಹಾಯಾಗಿ ಕೂತಿದ್ದಳು. ತನ್ನದನ್ನು ತಾನೇ ಹೇಳಿದಳು.

"ಐವತ್ತೈದು."

ಆತ ಅತ್ತೆಯನ್ನೊಮ್ಮೆ ನೋಡಿ ಬರೆದುಕೊಂಡ.

"ಎಷ್ಟು ಬರ್ಕೊಂಡ್ರಿ?" ಎಂದಳು ಅತ್ತೆ.

"ಐವತ್ತೈದು ಅಮ್ಮಾ."

ಅವಳು ಬಗ್ಗಿ ನೋಡಿದಳು. ಎಂಬತ್ತು ಎಂದಿತ್ತು. ಕೋಪದ ನಡುವೆ ನಗು ಬಂತು. ನುಂಗಿಕೊಂಡಳು.

"ಏಳು ಜನ. ಅಷ್ಟೇನಾ?"

"ಅಷ್ಟೇ."

"ನೀವು?"

ಅವಳು ತಬ್ಬಿಬ್ಬಾದಳು. ತನ್ನನ್ನು ಮರೆತದ್ದು ಗೊತ್ತೇ ಆಗಿರಲಿಲ್ಲ...

"ನಾನು ಒಳಗಿರ್ತೀನಿ. ಟೀ, ತಿಂಡಿ ಎಲ್ಲ ನೋಡ್ಕೋಬೇಕಲ್ಲ."

"ಎಷ್ಟು ವರ್ಷದಿಂದ?"

"ಹನ್ನೊಂದು."

ಆತ ಪಟ್ಟಿಯಲ್ಲಿ ಎಂಟನೆಯ ಗೆರೆ ಎಳೆದ.

"ಐವತ್ತೆಂಟು," ಎಂದಳು ಅವಳು.

"ಈ ಬೀದೀಲಿ ಇವತ್ತು ನಿಜವಾದ ತೂಕ ಹೇಳಿದ ಮೊದಲನೆಯವರು ನೀವು."

ಎರಡು ದಿನ ಬಿಟ್ಟು ಆತ ಮತ್ತೆ ಬಂದ. ಬಾಲ್ಕನಿಯಲ್ಲಿ ನೀರು ತುಂಬಿದ ಡ್ರಮ್ಮುಗಳನ್ನಿಟ್ಟು ಒಂದು ಗಂಟೆ ಕಾಯಬೇಕಿತ್ತು. ಭಾರಕ್ಕೆ ಬಾಲ್ಕನಿ ಬಾಗುತ್ತದೋ ಇಲ್ಲವೋ ನೋಡುವುದಷ್ಟೇ ಕೆಲಸ. ಅವಳು ಎರಡು ಲೋಟ ಟೀ ತಂದು ಪಕ್ಕದಲ್ಲಿ ಕೂತಳು. ಮಾತಿನ ನಡುವೆ ತನ್ನ ಕೆಲಸದ ಬಗ್ಗೆ ಹೇಳಿದಳು.

"ಹಲ್ಲಿನ ಅಚ್ಚು ನೋಡಿದ್ರೆ ಮನುಷ್ಯನ ಸ್ವಭಾವ ಗೊತ್ತಾಗುತ್ತಾ?" ಎಂದು ಕೇಳಿದ.

"ಸ್ವಭಾವ ಗೊತ್ತಾಗಲ್ಲ. ನಿದ್ದೇಲಿ ಹಲ್ಲು ಕಡೀತಾರಾ ಅಂತ ಗೊತ್ತಾಗುತ್ತೆ."

"ನಾನು ಕಡೀತೀನಿ."

"ಎಲ್ಲರ ಬಾಲ್ಕನಿ ತಲೆ ಮೇಲೆ ಹೊತ್ಕೊಂಡ್ರೆ ಇನ್ನೇನಾಗುತ್ತೆ?"

ಆತ ನಕ್ಕ. ಆದರೆ ಕಣ್ಣು ಡ್ರಮ್ಮುಗಳ ಮೇಲೇ ಇತ್ತು. ಅದೇ ಅವಳಿಗೆ ಹಿಡಿಸಿತು. ಬಳಿಕ ಆತ ಇನ್ನೆರಡು ಸಲ ಬಂದ. ಒಮ್ಮೆ ಅಳತೆ ಟೇಪು ತರಲು ಮರೆತೇ ಬಂದಿದ್ದ. ಅತ್ತೆ ಆತನಿಗೆ 'ಬಿರುಕು ಸಾಹೇಬ್ರು' ಎಂದು ಹೆಸರಿಟ್ಟಳು.

ಕೊನೆಗೆ ಆತ ತೀರ್ಮಾನ ಹೇಳಿದ. ಒಂದು ಸಲಕ್ಕೆ ನಾಲ್ಕೇ ಜನ. ಯಾರ್‍ಯಾರೆಂದು ನಗರಸಭೆಯ ಅನುಮತಿ ಪತ್ರದಲ್ಲಿ ನಮೂದಿಸಬೇಕು.

ಮನೆಯಲ್ಲಿ ಗಲಾಟೆಯೆದ್ದಿತು. ಅವಳು ಹೊಸ ಹಾಳೆ ತೆಗೆದಳು. ಮೆರವಣಿಗೆಯ ಮೊದಲರ್ಧಕ್ಕೆ ನಾಲ್ವರು, ಎರಡನೆಯರ್ಧಕ್ಕೆ ನಾಲ್ವರು.

"ಏಳು ಜನಕ್ಕೆ ಎಂಟು ಜಾಗ ಯಾಕೆ?" ಎಂದ ತಮ್ಮ.

"ಈ ಸಲ ನಾನೂ ಹೊರಗೆ ಕೂರ್ತೀನಿ."

ತಮ್ಮ ಹಾಳೆಯನ್ನು ಮತ್ತೊಮ್ಮೆ ಎಣಿಸಿದ. ಅಮ್ಮ, "ಹಾಗಾದ್ರೆ ಟೀ?" ಎಂದಳು.

"ಫ್ಲಾಸ್ಕಲ್ಲಿರುತ್ತೆ. ಬಗ್ಗಿಸ್ಕೊಳ್ಳಿ."

ಹನ್ನೊಂದು ವರ್ಷದಲ್ಲಿ ಅವಳು ತನಗಾಗಿ ಕೇಳಿದ್ದು ಆ ಜಾಗವೊಂದೇ. ಹಾಳೆಯನ್ನು ತಾನೇ ಇಂಜಿನಿಯರನ ಕೈಗೆ ಕೊಟ್ಟುಬಂದಳು.

ಮೆರವಣಿಗೆಯ ಹಿಂದಿನ ದಿನ ಆತ ಸಹಿ, ಮೊಹರು ಬಿದ್ದ ಪತ್ರ ತಂದುಕೊಟ್ಟ. ಅವಳು ನಿಂತಲ್ಲೇ ಓದಿದಳು. ಮೊದಲರ್ಧ ನಾಲ್ವರು. ಎರಡನೆಯರ್ಧ ಮೂವರು.

ಎಂಟನೆಯ ಹೆಸರು ಇರಲಿಲ್ಲ.

"ನನ್ನನ್ನ ಬಿಟ್ಟಿದೀರಿ."

"ಹೌದು, ಅದು... ನಿಮ್ಮ ಹತ್ರ ಒಂದು ಮಾತು—"

"ಏನೂ ಹೇಳ್ಬೇಡಿ."

ಬಾಗಿಲು ಹಾಕಿದಳು. ಅವಳು ಅಳಲಿಲ್ಲ. ಪತ್ರವನ್ನು ಟೀವಿಯ ಪಕ್ಕ ಇಟ್ಟು, ಫ್ಲಾಸ್ಕು ತೊಳೆಯಲು ಹೋದಳು.

"ಬಿಡೇ," ಎಂದಳು ಅತ್ತೆ. "ಹೇಗಿದ್ರೂ ನೀನು ಒಳಗೇ ಇರ್ತಿದ್ದೆಯಲ್ಲ."

ಅತ್ತೆ ಸಮಾಧಾನಕ್ಕೇ ಹಾಗೆಂದಿದ್ದಳು. ಅದಕ್ಕೇ ಅದು ಹೆಚ್ಚು ಚುಚ್ಚಿತು.

ಮರುದಿನ ಬೆಳಗ್ಗೆ ಒಂಬತ್ತಕ್ಕೆ ದೂರದಲ್ಲಿ ಬ್ಯಾಂಡಿನ ಸದ್ದು ಕೇಳಿಸಿತು. ಮೊದಲ ನಾಲ್ವರು ಬಾಲ್ಕನಿಗೆ ಹೋದರು. ಅವಳು ಲೋಟಗಳನ್ನು ಜೋಡಿಸಿಟ್ಟು ಚಪ್ಪಲಿ ಮೆಟ್ಟಿದಳು.

"ಎಲ್ಲಿಗೆ?" ಎಂದಳು ತಂಗಿ.

"ಕೆಳಗೆ. ಮೆರವಣಿಗೆ ನೋಡೋಕೆ."

ಬೀದಿಯಲ್ಲಿ ಕಾಲಿಡಲು ಜಾಗವಿರಲಿಲ್ಲ. ಅವರ ಬಾಲ್ಕನಿಯ ಕೆಳಗೆ ಮಾತ್ರ ಹಗ್ಗ ಕಟ್ಟಿ ಯಾರೂ ನಿಲ್ಲದಂತೆ ಮಾಡಿದ್ದರು. ಹಗ್ಗದ ಹೊರಗೆ ಆತ ನಿಂತಿದ್ದ. ಬೀದಿಗೆ ಬೆನ್ನು, ಮುಖ ಮೇಲಕ್ಕೆ.

ಸುಮ್ಮನೆ ದಾಟಿಹೋಗಬೇಕೆಂದುಕೊಂಡಳು. ಆಗಲಿಲ್ಲ.

"ನನ್ನನ್ನ ಯಾಕೆ ಬಿಟ್ರಿ?"

ಆತ ದನಿ ಗುರುತಿಸಿದ. ತಿರುಗಲಿಲ್ಲ.

"ನೀವು ಇಲ್ಲಿ ನನ್ನ ಜೊತೆ ನಿಲ್ತೀರಿ ಅಂದ್ಕೊಂಡೆ."

"ಕೇಳಿದ್ರಾ?"

"ಇಲ್ಲ. ಲೆಕ್ಕ ಮೊದಲು ಮುಗಿಸ್ದೆ. ಆಮೇಲೆ ಕೇಳೋಣ ಅಂತಿದ್ದೆ. ನಮ್ಮ ಕೆಲಸದಲ್ಲಿ ಹಾಗೇ ಅಭ್ಯಾಸ."

"ಮನೆಯವರು ಹನ್ನೊಂದು ವರ್ಷ ನನ್ನನ್ನ ಮರೆತು ಬಿಟ್ರು. ನೀವು ನೆನಪಿಟ್ಕೊಂಡು, ಸಹಿ ಹಾಕಿ ಬಿಟ್ರಿ."



"ತಪ್ಪಾಯ್ತು."

"ಮುಖ ನೋಡಿ ಹೇಳಿ."

"ನೋಡೋ ಹಾಗಿಲ್ಲ. ಮೇಲೆ ನಾಲ್ಕು ಜನ ಇದಾರೆ. ನಿಮ್ಮಪ್ಪ ಇದಾರೆ. ಆ ಬಿರುಕು ಒಂದು ಕೂದಲೆಳೆ ಅಗಲ ಆದ್ರೂ ಕೂಗಿ ಒಳಗೆ ಕಳಿಸ್ಬೇಕು."

"ಮೆರವಣಿಗೆ ಮುಗಿಯೋವರೆಗೂ ಹೀಗೇನಾ?"

"ಹೂಂ."

ಇಷ್ಟು ದೊಡ್ಡ ಮೆರವಣಿಗೆಯಲ್ಲಿ ಒಂದು ತುತ್ತೂರಿಯನ್ನೂ ನೋಡದೆ ನಿಲ್ಲುವ ಮನುಷ್ಯ... ತನ್ನ ಅಡುಗೆಮನೆಯ ಹನ್ನೊಂದು ವರ್ಷ ಅವಳಿಗೆ ನೆನಪಾಯಿತು. ಕೋಪ ಹೋಗಲಿಲ್ಲ. ಸ್ವಲ್ಪ ಸರಿದು ಜಾಗ ಬಿಟ್ಟಿತು.

"ಈಗ ಕೇಳ್ತೀನಿ," ಎಂದ ಆತ, ಬಾಲ್ಕನಿಗೇ ಹೇಳುವಂತೆ. "ನನ್ನ ಜೊತೆ ನಿಲ್ತೀರಾ? ಇವತ್ತೊಂದಿನಕ್ಕೆ ಕೇಳ್ತಿಲ್ಲ. ನನಗೆ ನೀವು ಬೇಕು. ಅದನ್ನ ಮೊದಲು ಹೇಳ್ಬೇಕಿತ್ತು."

"ಮೊದಲು ಮೆರವಣಿಗೆ ನೋಡ್ತೀನಿ."

"ಸರಿ."

ಅವಳು ಆತನ ಪಕ್ಕದಲ್ಲಿ, ಬೀದಿಗೆ ಮುಖ ಮಾಡಿ ನಿಂತಳು. ಮೊದಲ ಬ್ಯಾಂಡು ತಿರುವಿನಲ್ಲಿ ನಿಂತು ಸಾಲು ಸರಿಮಾಡಿಕೊಂಡಿತು.  ಎರಡನೆಯ ಬ್ಯಾಂಡು ದಾಟಿದ ಮೇಲೆ ಆತನಿಗೆ ತಡೆಯಲಾಗಲಿಲ್ಲ.

"ಏನು ಬರ್ತಿದೆ? ಜನ ಯಾಕೆ ನಗ್ತಿದಾರೆ?"

"ಮರಗಾಲು ಕಟ್ಕೊಂಡವರು. ಹತ್ತು ಜನ. ಕೊನೆಯವನ ಪ್ಯಾಂಟು ಜಾರ್ತಿದೆ. ಹಿಡ್ಕೊಂಡ್ರೆ ಬೀಳ್ತಾನೆ, ಬಿಟ್ರೆ ಮರ್ಯಾದೆ ಹೋಗುತ್ತೆ."

ಆತ ಮೇಲೆ ನೋಡುತ್ತಲೇ ನಕ್ಕ. ಬಾಲ್ಕನಿಯಿಂದ ಅತ್ತೆ ಬಗ್ಗಿದಳು.

"ಏನು ಬಿರುಕು ಸಾಹೇಬ್ರೇ, ನನ್ನ ನೋಡಿ ನಗ್ತಿದೀರಾ?"

"ಇಲ್ಲ ಅಮ್ಮಾ. ಬಗ್ಗಬೇಡಿ."

ಬಣ್ಣದ ಲಾರಿಗಳು ಬಂದವು. ಕಟ್ಟಡದಷ್ಟು ಎತ್ತರದ ಬಲೂನು ಬಂತು. ಅವಳು ಒಂದೊಂದನ್ನೂ ಆತನಿಗೆ ಹೇಳುತ್ತಾ ಹೋದಳು. ಹೇಳುವಾಗಲೇ ತಾನು ಸರಿಯಾಗಿ ನೋಡುತ್ತಿರುವುದು ಅವಳಿಗೆ ತಿಳಿಯಿತು.

ಕೊನೆಯ ಬ್ಯಾಂಡು ಬರುವಾಗ ಅವಳು ಹೇಳಿದಳು. "ಮುಂದಿನ ವರ್ಷ ಈ ಬಾಲ್ಕನಿಗೆ ಬೇರೆ ಇಂಜಿನಿಯರನ್ನ ಹಾಕೋಕೆ ಹೇಳಿ."

ಆತನ ಮುಖದ ನಗು ಆರಿತು. "ಯಾಕೆ?"

"ನೀವೂ ನೋಡ್ಬೇಕಲ್ಲ. ನನ್ನ ಜೊತೆ. ಪ್ರತಿ ವರ್ಷ ಹೀಗೆ ಹೇಳ್ತಾ ನಿಂತ್ರೆ ನನ್ನ ಗಂಟಲು ಏನಾಗ್ಬೇಕು?"



"ಅಂದ್ರೆ... ಒಪ್ಪಿಗೇನಾ?"

ಆತನ ಕತ್ತು ತನ್ನ ಕಡೆ ತಿರುಗುವುದನ್ನು ಕಂಡು ಅವಳು ಆತನ ಗಲ್ಲಕ್ಕೆ ಬೆರಳು ಹಚ್ಚಿ ತಡೆದಳು.

"ಒಪ್ಪಿಗೆ. ಮೇಲೆ ನೋಡಿ."